ಬೆಟ್ಟದ ತುದಿಯ ಪಬ್ಬೂ ನಡುಮನೆಯ ಟಿ.ವಿ.ಯೂ

ಇಂಗ್ಲೆಂಡಿನ ಉತ್ತರ ಭಾಗದಲ್ಲಿ ಯಾರ್ಕ್‌ಷೈರ್ ಡೇಲ್ಸ್ ಎಂಬ ಗುಡ್ಡಗಾಡು ಸೀಮೆಯಿದೆ. ಅಲ್ಲಿನ ಸ್ವೇಲ್‌ಡೇಲ್ ಕಣಿವೆಯ ಮೇಲ್ತುದಿಯಲ್ಲಿರುವ ಕೆಲ್ಡ್ ಎಂಬ ಪುಟ್ಟ ಹಳ್ಳಿಯನ್ನು ದಾಟಿ, ಮರಗಿಡಗಳಿಲ್ಲದ ಜೌಗು ಬಯಲಿನ ನಡುವೆ ಆರೇಳು ಕಿಲೋಮೀಟರ್ ಏರಿದರೆ ಕಲ್ಲಿನಿಂದ ಕಟ್ಟಿದ ಒಂಟಿ ಮನೆಯೊಂದು ಎದುರಾಗುತ್ತದೆ. ಸುತ್ತ ಬೇರೆ ಮನೆಯಿಲ್ಲ, ಅಂಗಡಿಯಿಲ್ಲ, ಇಗರ್ಜಿಯಿಲ್ಲ. ಅದರ ಹೆಸರು ಟ್ಯಾನ್ ಹಿಲ್ ಇನ್. ಸಮುದ್ರಮಟ್ಟದಿಂದ 528 ಮೀಟರ್, ಅಂದರೆ 1,732 ಅಡಿ ಎತ್ತರದಲ್ಲಿರುವ ಈ ಪಬ್, ಬ್ರಿಟನ್ನಿನ ಪಬ್‌ಗಳಲ್ಲೆಲ್ಲ ಅತ್ಯಂತ ಎತ್ತರದಲ್ಲಿರುವುದೆಂದು ಹೆಸರಾಗಿದೆ. ಘಟ್ಟ ಏರಿಳಿದು ರೂಢಿಯಿರುವ ನಮ್ಮ ವಾಚಕರಿಗೆ ಈ ಎತ್ತರ ದೊಡ್ಡದೆನಿಸಲಾರದು. ಆದರೆ ಅಲ್ಲಿನ ಚಳಿ, ಗಾಳಿ, ಹಿಮಗಳ ಲೆಕ್ಕವೇ ಬೇರೆ.

ಇಂತಹ ನಿರ್ಜನ ಸ್ಥಳದಲ್ಲಿ ಪಬ್ ಯಾರಿಗಾಗಿ ಎಂಬ ಪ್ರಶ್ನೆ ಸಹಜ. ಒಂದು ಕಾಲಕ್ಕೆ ಟ್ಯಾನ್ ಹಿಲ್‌ನಲ್ಲಿ ಕಲ್ಲಿದ್ದಲ ಗಣಿಗಳಿದ್ದವು. ಗಣಿಯ ಕಾರ್ಮಿಕರೂ, ಕಲ್ಲಿದ್ದಲನ್ನು ಕುದುರೆಗಳ ಮೇಲೆ ಹೇರಿಕೊಂಡು ಹೋಗುತ್ತಿದ್ದವರೂ ದಣಿವಾರಿಸಿಕೊಳ್ಳಲು ಇಲ್ಲಿಗೆ ಬರುತ್ತಿದ್ದರು. 1929ರ ಹೊತ್ತಿಗೆ ಕೊನೆಯ ಗಣಿಯೂ ಮುಚ್ಚಿತು. ಕಾರ್ಮಿಕರ ಮನೆಗಳು ಅಳಿದವು, ಪಬ್ ಮಾತ್ರ ಉಳಿಯಿತು. ಮುಂದೆ 1965ರಲ್ಲಿ ಪೆನೈನ್ ವೇ ಎಂಬ ಸುಮಾರು 430 ಕಿಲೋಮೀಟರ್ ಉದ್ದದ ಕಾಲ್ನಡಿಗೆಯ ಹಾದಿಯನ್ನು ಸರಕಾರ ಅಧಿಕೃತವಾಗಿ ತೆರೆದಾಗ, ಅದು ಈ ಪಬ್ಬಿನ ಬಾಗಿಲ ಮುಂದಿನಿಂದಲೇ ಹಾದುಹೋಯಿತು. ಈಗ ಅಲ್ಲಿಗೆ ಬರುವವರು ಆ ಹಾದಿಯ ಪಾದಚಾರಿಗಳು, ಸುತ್ತಲಿನ ಕುರಿಗಾಹಿಗಳು, ಮತ್ತು ಇಂತಹ ಕಡೆಗೂ ಕಾರು ಓಡಿಸಿಕೊಂಡು ಬರುವ ಕುತೂಹಲಿಗಳು. ವರ್ಷಕ್ಕೊಮ್ಮೆ ಮೇ ತಿಂಗಳಲ್ಲಿ ಅಲ್ಲಿ ಸ್ವೇಲ್‌ಡೇಲ್ ತಳಿಯ ಕುರಿಗಳ ಪ್ರದರ್ಶನವೂ ನಡೆಯುತ್ತದೆ.

ಈ ಒಂಟಿ ಪಬ್ಬನ್ನು ಬ್ರಿಟನ್ನಿನ ಮನೆಮನೆಗೆ ಪರಿಚಯಿಸಿದ್ದು ಟಿ.ವಿ.ಯೇ ಎಂಬುದು ಸ್ವಾರಸ್ಯಕರ ಸಂಗತಿ. 1980ರ ದಶಕದಲ್ಲಿ ಎವರೆಸ್ಟ್ ಎಂಬ ಕಂಪೆನಿ ತನ್ನ ಜೋಡಿ ಗಾಜಿನ ಕಿಟಕಿಗಳ ಜಾಹೀರಾತನ್ನು ಇಲ್ಲಿ ಚಿತ್ರೀಕರಿಸಿತು. ಹೊರಗೆ ಬಿರುಗಾಳಿ ಬೀಸುತ್ತಿರುವಾಗ ಟೆಡ್ ಮೌಲ್ಟ್ ಎಂಬ ಜನಪ್ರಿಯ ನಿರೂಪಕರು ಕಿಟಕಿಯ ಬಳಿ ನಿಂತು ಹಕ್ಕಿಯ ಗರಿಯೊಂದನ್ನು ಕೈಬಿಡುತ್ತಾರೆ. ಗರಿ ಅಲುಗದೆ ನೇರವಾಗಿ ಕೆಳಗಿಳಿಯುತ್ತದೆ. ಈ ಕೆಲವು ಕ್ಷಣಗಳ ದೃಶ್ಯ ಆ ಪೀಳಿಗೆಯ ಇಂಗ್ಲಿಷರ ನೆನಪಿನಲ್ಲಿ ಅಚ್ಚೊತ್ತಿ ನಿಂತಿತು.

ಆದರೆ ನಾವು ಈ ವಾರ ಟ್ಯಾನ್ ಹಿಲ್‌ನ ಪ್ರಸ್ತಾಪ ಮಾಡುತ್ತಿರುವುದು ಗರಿಯ ನಿಮಿತ್ತವಲ್ಲ. 2021ರ ನವೆಂಬರ್ 26ರ ಶುಕ್ರವಾರ ರಾತ್ರಿ ಅಲ್ಲಿ ಸಂಗೀತ ಕಾರ್ಯಕ್ರಮವೊಂದಿತ್ತು. ಒಯೇಸಿಸ್ ಎಂಬ ಪ್ರಸಿದ್ಧ ವಾದ್ಯವೃಂದದ ಹಾಡುಗಳನ್ನು ಅನುಕರಿಸಿ ಹಾಡುವ ‘ನೋಯೇಸಿಸ್’ ಎಂಬ ತಂಡ ಬಂದಿತ್ತು. ಅದೇ ರಾತ್ರಿ ಆರ್ವೆನ್ ಎಂದು ಹೆಸರಿಟ್ಟಿದ್ದ ಬಿರುಗಾಳಿ ಉತ್ತರ ಬ್ರಿಟನ್ನಿಗೆ ಅಪ್ಪಳಿಸಿತು. ಹಾಡು ಮುಗಿಯುವ ಹೊತ್ತಿಗೆ ಹಿಮ ಬಾಗಿಲನ್ನು ಮುಚ್ಚುವಷ್ಟು ರಾಶಿಬಿದ್ದು, ವಿದ್ಯುತ್ ತಂತಿಗಳು ರಸ್ತೆಯ ಮೇಲೆ ಬಿದ್ದು, ಹಾಡಿದವರೂ ಕೇಳಿದವರೂ ಸೇರಿ 61 ಮಂದಿ ಒಳಗೆ ಸಿಕ್ಕಿಬಿದ್ದರು. ಒಂದು ರಾತ್ರಿಯಲ್ಲ, ಮೂರು ರಾತ್ರಿ.

ಮಲಗುವ ಕೋಣೆಗಳು ಸಾಲದ್ದರಿಂದ ಹಲವರು ನೆಲದ ಮೇಲೆ ಹಾಸಿಗೆ ಹಾಸಿ ಮಲಗಿದರು. ಚಿಕಿತ್ಸೆ ಅಗತ್ಯವಿದ್ದ ಒಬ್ಬರನ್ನು ಪರ್ವತ ರಕ್ಷಣಾ ತಂಡದವರು ಬಂದು ಕರೆದೊಯ್ದರು. ಉಳಿದವರು ಒಟ್ಟಿಗೆ ಉಂಡರು, ರಸಪ್ರಶ್ನೆ ಆಡಿದರು, ಹಾಡಿದರು. ಚಲನಚಿತ್ರಗಳನ್ನೂ ನೋಡಿದರು ಎಂಬುದನ್ನು ವಾಚಕರು ಗಮನಿಸಬೇಕು. ಪರದೆ ಅಲ್ಲಿಯೂ ಇತ್ತು. ಸೋಮವಾರ ದಾರಿ ತೆರವಾದಾಗ, ಶುಕ್ರವಾರ ಸಂಜೆಯವರೆಗೆ ಒಬ್ಬರಿಗೊಬ್ಬರು ಅಪರಿಚಿತರಾಗಿದ್ದವರು ಮತ್ತೊಮ್ಮೆ ಎಲ್ಲರೂ ಸೇರಬೇಕೆಂದು ಮಾತಾಡಿಕೊಂಡು ಬೆಟ್ಟವಿಳಿದರು. ಜಗತ್ತಿನ ಪತ್ರಿಕೆಗಳೆಲ್ಲ ಈ ಸುದ್ದಿಯನ್ನು ವಿನೋದವೆಂಬಂತೆ ಪ್ರಕಟಿಸಿದವು. ನಾವೂ ಆಗ ಓದಿ ನಕ್ಕು ಮರೆತೆವು. ಮತ್ತೆ ಅದು ನೆನಪಾದದ್ದು ನಮ್ಮ ಮನೆಯಲ್ಲೇ ನಡೆದ ಒಂದು ಪ್ರಸಂಗದಿಂದ. ಅದನ್ನು ಮುಂದೆ ಹೇಳುತ್ತೇವೆ.

ಈಗಿನ ಕಾಲದಲ್ಲಿ ‘ಬಿಂಜ್ ವಾಚಿಂಗ್’ ಎಂಬ ಮಾತು ನಮ್ಮ ಮಕ್ಕಳ ಬಾಯಲ್ಲಿ ಸಲೀಸಾಗಿ ಬರುತ್ತದೆ. ಧಾರಾವಾಹಿಯೊಂದರ ಕಂತುಗಳನ್ನು ಒಂದರ ಹಿಂದೆ ಒಂದರಂತೆ, ಊಟ ನಿದ್ರೆಗಳನ್ನು ಮರೆತು, ಒಂದೇ ಕೂತಿನಲ್ಲಿ ನೋಡಿ ಮುಗಿಸುವುದಕ್ಕೆ ಈ ಹೆಸರು. 2015ರಲ್ಲಿ ಕಾಲಿನ್ಸ್ ನಿಘಂಟಿನವರು ಇದನ್ನೇ ಆ ವರ್ಷದ ಪದವೆಂದು ಆರಿಸಿದರು. ಆದರೆ ‘ಬಿಂಜ್’ ಎಂಬ ಶಬ್ದದ ಮೂಲ ಟಿ.ವಿ.ಯಲ್ಲಿಲ್ಲ, ಪೀಪಾಯಿಯಲ್ಲಿದೆ. ಇಂಗ್ಲೆಂಡಿನ ಗ್ರಾಮ್ಯ ಭಾಷೆಯಲ್ಲಿ ಮರದ ಪಾತ್ರೆಯನ್ನು ನೀರಲ್ಲಿ ನೆನೆಸುವುದಕ್ಕೆ ಬಿಂಜ್ ಎನ್ನುತ್ತಿದ್ದರು. ಒಣಗಿದ ಮರದ ಪಾತ್ರೆ ಸೋರುತ್ತದೆ. ನೀರು ಕುಡಿದು ಉಬ್ಬಿದಾಗ ಅದರ ಬಿರುಕುಗಳು ಮುಚ್ಚಿಕೊಳ್ಳುತ್ತವೆ. ಹತ್ತೊಂಬತ್ತನೆಯ ಶತಮಾನದ ನಡುಭಾಗದ ಹೊತ್ತಿಗೆ ಯಾರೋ ರಸಿಕರು ಈ ಮಾತನ್ನು ಕುಡಿದು ನೆನೆದುಹೋದ ಮನುಷ್ಯನಿಗೂ ಅನ್ವಯಿಸಿದರು. ಅಲ್ಲಿಂದ ಅದು ಮಿತಿಮೀರಿದ ಕುಡಿತಕ್ಕೆ, ಬಳಿಕ ಮಿತಿಮೀರಿದ ತಿನಿಸಿಗೆ, ಕೊನೆಗೆ ಮಿತಿಮೀರಿದ ನೋಟಕ್ಕೆ ಹೆಸರಾಯಿತು.

ಶಬ್ದ ಪಬ್ಬಿನ ಕಡೆಯಿಂದ ಬಂದಿತು, ಸರಿ. ಪಬ್ಬಿನಲ್ಲಿದ್ದ ಇನ್ನೊಂದು ವಸ್ತು ಮಾತ್ರ ಅದರ ಜೊತೆಯಲ್ಲಿ ನಮ್ಮ ನಡುಮನೆಗೆ ಬರಲಿಲ್ಲ. ಅದೆಂದರೆ ಗಂಟೆ.

ಪಬ್ ಎಂಬುದು ‘ಪಬ್ಲಿಕ್ ಹೌಸ್’ ಎಂಬುದರ ಹ್ರಸ್ವರೂಪ. ಸಾರ್ವಜನಿಕರ ಮನೆ ಎಂದರ್ಥ. ಕುಡಿತದಿಂದ ನಮ್ಮ ಧರ್ಮಕೇಂದ್ರಗಳಲ್ಲಿ ಎಷ್ಟು ಕುಟುಂಬಗಳು ಒಡೆದಿವೆಯೆಂಬುದನ್ನು ಕಣ್ಣಾರೆ ಕಂಡ ನಾವು ಪಬ್ಬಿನ ಪರವಾಗಿ ವಕಾಲತ್ತು ಹಾಕುವವರಲ್ಲ. ಆದರೂ ಒಂದು ಮಾತನ್ನು ಒಪ್ಪಿಕೊಳ್ಳಲೇಬೇಕು. ಮನುಷ್ಯ ತನ್ನಷ್ಟಕ್ಕೆ ನಿಲ್ಲಿಸಲಾರನೆಂಬುದನ್ನು ಅರಿತು ಆ ಮನೆಗೆ ಸಮಾಜ ಕಟ್ಟಳೆಗಳನ್ನು ವಿಧಿಸಿತ್ತು. ಮೊದಲನೆಯ ಮಹಾಯುದ್ಧದ ಕಾಲದಲ್ಲಿ, ಶಸ್ತ್ರಾಸ್ತ್ರ ಕಾರ್ಖಾನೆಗಳ ಕೆಲಸ ಕೆಡಬಾರದೆಂದು, ಬ್ರಿಟಿಷ್ ಸರಕಾರ ಪಬ್‌ಗಳ ಸಮಯವನ್ನು ಬಿಗಿಗೊಳಿಸಿತು. ಮಧ್ಯಾಹ್ನದ ಮೇಲೆ ಕೆಲವು ಗಂಟೆ ಬಾಗಿಲು ಹಾಕಬೇಕಾಗಿತ್ತು. ಈ ನಿಯಮ ವಾರದ ದಿನಗಳಲ್ಲಿ 1988ರವರೆಗೂ ನಡೆದು ಬಂತು. ರಾತ್ರಿ ಮುಚ್ಚುವ ಮುನ್ನ ಪಬ್ಬಿನ ಯಜಮಾನ ಗಂಟೆ ಬಾರಿಸಿ, ಕೊನೆಯ ಲೋಟ ಬೇಕಾದವರು ಈಗಲೇ ಕೇಳಬೇಕೆಂದು ಕೂಗುತ್ತಾನೆ. ತುಸು ಹೊತ್ತಿನ ಬಳಿಕ ಮತ್ತೊಮ್ಮೆ ಕೂಗು. ಆಮೇಲೆ ಲೋಟದಲ್ಲಿ ಉಳಿದದ್ದನ್ನು ಮುಗಿಸಲು ಕಾನೂನು 10 ನಿಮಿಷ ಕೊಡುತ್ತಿತ್ತು, 1988ರ ತಿದ್ದುಪಡಿಯ ಬಳಿಕ 20 ನಿಮಿಷ. 2005ರ ನವೆಂಬರಿನಲ್ಲಿ ಜಾರಿಗೆ ಬಂದ ಹೊಸ ಕಾನೂನಿನಿಂದ ಈ ಸಮಯಗಳು ಸಡಿಲಗೊಂಡವು. ಆದರೂ ಗಂಟೆ ಬಾರಿಸುವ ಪದ್ಧತಿ ಎಷ್ಟೋ ಪಬ್‌ಗಳಲ್ಲಿ ಉಳಿದಿದೆ.

ಟಿ.ವಿ.ಗೂ ಒಂದು ಕಾಲಕ್ಕೆ ಗಂಟೆಯಿತ್ತೆಂದರೆ ಇಂದಿನ ಮಕ್ಕಳು ನಂಬಲಾರರು. ಎರಡನೆಯ ಮಹಾಯುದ್ಧದ ಬಳಿಕದ ವರ್ಷಗಳಲ್ಲಿ ಬ್ರಿಟನ್ನಿನ ಟಿ.ವಿ. ಪ್ರತಿದಿನ ಸಂಜೆ 6ರಿಂದ 7ರವರೆಗೆ ಏನನ್ನೂ ಪ್ರಸಾರ ಮಾಡುತ್ತಿರಲಿಲ್ಲ. ತಾಯಂದಿರು ಆ ಒಂದು ಗಂಟೆಯಲ್ಲಿ ಚಿಕ್ಕ ಮಕ್ಕಳನ್ನು ಮಲಗಿಸಲಿ, ದೊಡ್ಡ ಮಕ್ಕಳು ಪಾಠ ಓದಿಕೊಳ್ಳಲಿ ಎಂಬುದೇ ಇದರ ಉದ್ದೇಶ. ಜನ ಇದನ್ನು ‘ಪುಟ್ಟ ಮಕ್ಕಳ ಕದನವಿರಾಮ’ ಎಂಬರ್ಥದ ಹೆಸರಿನಿಂದ ಕರೆಯುತ್ತಿದ್ದರು. ಆದರೆ ಜಾಹೀರಾತುಗಳಿಂದ ನಡೆಯುವ ಖಾಸಗಿ ವಾಹಿನಿಗಳು 1955ರಲ್ಲಿ ಆರಂಭವಾದಾಗ ಅವಕ್ಕೆ ಈ ಖಾಲಿ ಗಂಟೆ ನಷ್ಟವಾಗಿ ಕಂಡಿತು. 1957ರ ಫೆಬ್ರವರಿಯಲ್ಲಿ ಕದನವಿರಾಮ ಕೊನೆಗೊಂಡಿತು. ರಾತ್ರಿಯ ಮುಕ್ತಾಯ ಮಾತ್ರ ಬಹುಕಾಲ ಉಳಿಯಿತು. ರಾಷ್ಟ್ರಗೀತೆ ನುಡಿಸಿ ಬಿ.ಬಿ.ಸಿ.ಯ ಮೊದಲನೆಯ ವಾಹಿನಿ ಪ್ರಸಾರ ನಿಲ್ಲಿಸುತ್ತಿದ್ದುದು 1997ರವರೆಗೂ ನಡೆದಿತ್ತು.

ಆ ಆರಂಭದ ದಿನಗಳಲ್ಲಿ ಟಿ.ವಿ. ನೋಡುವುದು ಒಂಟಿ ಕೆಲಸವೂ ಆಗಿರಲಿಲ್ಲ. 1953ರ ಜೂನ್ 2ರಂದು ಎರಡನೆಯ ಎಲಿಜಬೆತ್ ರಾಣಿಯ ಪಟ್ಟಾಭಿಷೇಕವನ್ನು ಬ್ರಿಟನ್ನಿನಲ್ಲಿ ಸುಮಾರು 2 ಕೋಟಿ ಜನ ಟಿ.ವಿ.ಯಲ್ಲಿ ನೋಡಿದರು. ಅವರಲ್ಲಿ ಸ್ವಂತ ಮನೆಯಲ್ಲಿ ಕುಳಿತು ನೋಡಿದವರು 80 ಲಕ್ಷಕ್ಕಿಂತ ಕಡಿಮೆ. ಒಂದು ಕೋಟಿಗೂ ಹೆಚ್ಚು ಮಂದಿ ನೆರೆಹೊರೆಯವರ, ಸ್ನೇಹಿತರ ಮನೆಗಳಲ್ಲಿ ನೋಡಿದರು. ಇನ್ನುಳಿದವರು ಸಿನಿಮಾ ಮಂದಿರಗಳಲ್ಲಿ, ಸಭಾಭವನಗಳಲ್ಲಿ, ಪಬ್‌ಗಳಲ್ಲಿ.

ಈ ಅಂಕಿಗಳನ್ನು ಓದುವಾಗ ನಮಗೆ ನಮ್ಮ ಬೀದಿಯೇ ಕಣ್ಣಮುಂದೆ ಬಂತು. 1987ರ ಜನವರಿಯಿಂದ 1988ರ ಜುಲೈವರೆಗೆ ದೂರದರ್ಶನ ಭಾನುವಾರ ಬೆಳಿಗ್ಗೆ ‘ರಾಮಾಯಣ’ವನ್ನು ಪ್ರಸಾರ ಮಾಡುತ್ತಿದ್ದಾಗ ಬೀದಿಗೊಂದು ಟಿ.ವಿ. ಇದ್ದರೆ ಹೆಚ್ಚು. ನಾವು ಮೊದಲ ಪೂಜೆ ಮುಗಿಸಿಕೊಂಡು ಓಡೋಡಿ ಬಂದು ನೆರೆಯ ಹಿಂದೂ ಕುಟುಂಬವೊಂದರ ಜಗಲಿಯಲ್ಲಿ ಇಪ್ಪತ್ತು ಮೂವತ್ತು ಮಂದಿಯ ನಡುವೆ ತೂರಿಕೊಳ್ಳುತ್ತಿದ್ದೆವು. ಕಂತು ಮುಗಿದೊಡನೆ ಮನೆಯೊಡತಿ ಟಿ.ವಿ.ಯ ಮೇಲೆ ಕಸೂತಿ ಹಾಕಿದ ಬಟ್ಟೆಯನ್ನು ಇಳಿಬಿಡುತ್ತಿದ್ದರು. ಮುಂದೇನಾಗುವುದೆಂಬುದಕ್ಕೆ ಏಳು ದಿನ ಕಾಯಬೇಕು. ಆ ಏಳು ದಿನಗಳಲ್ಲಿ ಶಾಲೆಗೆ ಹೋಗುವ ದಾರಿಯುದ್ದಕ್ಕೂ ಅದೇ ಮಾತು. ಇದೇ ‘ರಾಮಾಯಣ’ವನ್ನು 2020ರ ಮಾರ್ಚ್ 28ರಿಂದ, ಲಾಕ್‌ಡೌನ್ ದಿನಗಳಲ್ಲಿ, ದೂರದರ್ಶನ ದಿನಕ್ಕೆ ಎರಡು ಬಾರಿಯಂತೆ ಮರುಪ್ರಸಾರ ಮಾಡಿತು. ಒಂದೂವರೆ ವರ್ಷ ಹಬ್ಬಿದ್ದ ಕಥೆ ಕೆಲವೇ ವಾರಗಳಲ್ಲಿ ಮುಗಿಯಿತು. ಜಗಲಿಯಲ್ಲಿ ಯಾರೂ ಇರಲಿಲ್ಲ. ಇರಲು ಅನುಮತಿಯೂ ಇರಲಿಲ್ಲ ಎನ್ನಿ.

ಗಂಟೆಯನ್ನು ಪೂರ್ತಿಯಾಗಿ ಕಳಚಿ ಹಾಕಿದ್ದು ಅಂತರ್ಜಾಲದ ಮೂಲಕ ಚಿತ್ರಗಳನ್ನು ತಲುಪಿಸುವ ಕಂಪೆನಿಗಳು. 2013ರ ಫೆಬ್ರವರಿ 1ರಂದು ಅಮೆರಿಕದ ನೆಟ್‌ಫ್ಲಿಕ್ಸ್ ‘ಹೌಸ್ ಆಫ್ ಕಾರ್ಡ್ಸ್’ ಎಂಬ ಧಾರಾವಾಹಿಯ ಮೊದಲ ಸರಣಿಯ 13 ಕಂತುಗಳನ್ನೂ ಒಂದೇ ದಿನ ಬಿಡುಗಡೆ ಮಾಡಿತು. ಹಸಿದವನ ಮುಂದೆ ಹದಿಮೂರು ಬಟ್ಟಲು. ಅದಕ್ಕೂ ಮೊದಲೇ ಅದೇ ಕಂಪೆನಿ, ಒಂದು ಕಂತು ಮುಗಿದೊಡನೆ ನೋಡುಗ ಏನೂ ಮಾಡದಿದ್ದರೂ ಕೆಲವೇ ಕ್ಷಣಗಳಲ್ಲಿ ಮುಂದಿನ ಕಂತು ತಾನಾಗಿ ಆರಂಭವಾಗುವ ಏರ್ಪಾಟನ್ನು ರೂಢಿಗೆ ತಂದಿತ್ತು. ವಾಚಕರು ಈ ಸಣ್ಣ ಉಪಾಯವನ್ನು ಚೆನ್ನಾಗಿ ಪರಿಶೀಲಿಸಬೇಕು. ಪಬ್ಬಿನಲ್ಲಿ ಇನ್ನೊಂದು ಲೋಟ ಬೇಕಾದವನು ಎದ್ದು ಹೋಗಿ ಕೇಳಬೇಕು, ಹಣ ಕೊಡಬೇಕು. ಕುಡಿಯದಿರಲು ಅವನು ಏನನ್ನೂ ಮಾಡಬೇಕಾಗಿಲ್ಲ. ಇಲ್ಲಿ ತಿರುವುಮುರುವು. ಮುಂದುವರಿಯಲು ಏನೂ ಮಾಡಬೇಕಿಲ್ಲ, ನಿಲ್ಲಿಸಲು ಮಾತ್ರ ಮನಸ್ಸು ಗಟ್ಟಿಮಾಡಿ ಕೈ ಚಾಚಬೇಕು. ಲೋಟ ಖಾಲಿಯಾಗುವ ಮುನ್ನವೇ ತುಂಬುವ ಯಜಮಾನನಿದ್ದರೆ ಎಂತಹ ಪಬ್ ಆದೀತು!

ಹಲವು ಕಂತುಗಳವರೆಗೆ ನಾವು ಗುಂಡಿಯನ್ನೇ ಮುಟ್ಟದಿದ್ದರೆ ‘ಇನ್ನೂ ನೋಡುತ್ತಿದ್ದೀರಾ?’ ಎಂಬ ಪ್ರಶ್ನೆ ಪರದೆಯ ಮೇಲೆ ಮೂಡುವುದುಂಟು. ಗಂಟೆಗೆ ಅತ್ಯಂತ ಸಮೀಪದ ವಸ್ತು ಇದೊಂದೇ. ಆದರೆ ಇದು ಮನೆಗೆ ಹೊರಡಿ ಎಂದು ಹೇಳುವುದಿಲ್ಲ. ನಾವು ಈಗಾಗಲೇ ಮನೆಯಲ್ಲಿದ್ದೇವಲ್ಲ. 2017ರಲ್ಲಿ ಆ ಕಂಪೆನಿಯ ಮುಖ್ಯಸ್ಥರಾಗಿದ್ದ ರೀಡ್ ಹೇಸ್ಟಿಂಗ್ಸ್, ತಮ್ಮ ಪೈಪೋಟಿ ನಿದ್ರೆಯೊಂದಿಗೆ ಎಂಬರ್ಥದ ಮಾತನ್ನು ಬಹಿರಂಗವಾಗಿಯೇ ಆಡಿದ್ದರು. ವಿನೋದಕ್ಕೆ ಹೇಳಿದರೆಂದು ಕೆಲವರು ತಿಳಿದರು. ನಮಗೆ ಅದು ಪ್ರಾಮಾಣಿಕ ಮಾತೆನಿಸುತ್ತದೆ.

ಇನ್ನು ನಮ್ಮ ಮನೆಯ ಪ್ರಸಂಗ. ಕಳೆದ ಮಳೆಗಾಲದ ಒಂದು ಶನಿವಾರ. ಹೊರಗೆ ಬಿಡದೆ ಮಳೆ, ಮರುದಿನ ರಜೆ. ಸಂಜೆ ಇಗರ್ಜಿಯ ಗಂಟೆ ಕೇಳಿಸುವ ಹೊತ್ತಿಗೆ ನಾವೂ ಮಕ್ಕಳೂ ಪೊಲೀಸ್ ತನಿಖೆಯ ಧಾರಾವಾಹಿಯೊಂದನ್ನು ಆರಂಭಿಸಿದ್ದೆವು. 82 ವರ್ಷದ ನಮ್ಮ ತಾಯಿಯವರು ಎಂಟು ಗಂಟೆಗೆ ಜಪಸರ ಹಿಡಿದು ಬಾಗಿಲಲ್ಲಿ ನಿಂತು, ಪ್ರಾರ್ಥನೆ ಆರಂಭಿಸೋಣವೇ ಎಂದು ಕೇಳಿದರು. ಈ ಕಂತು ಮುಗಿಯಲಿ ಎಂದೆವು. ಆ ಕಂತು ಮುಗಿಯಿತು, ಮುಂದಿನದು ತಾನಾಗಿ ಆರಂಭವಾಯಿತು. ಅವರು ಇನ್ನೊಮ್ಮೆ ಬಂದರಂತೆ. ನಮಗೆ ಅದರ ನೆನಪೇ ಇಲ್ಲ. ಹನ್ನೊಂದೂವರೆಗೆ ನೀರು ಕುಡಿಯಲೆಂದು ಎದ್ದ ಮಗಳು ಊಟದ ಮೇಜಿನ ಬಳಿಯಿಂದ ಕೂಗಿಕೊಂಡಳು. ತಾಯಿಯವರು ಕುರ್ಚಿಯಲ್ಲೇ ಒರಗಿದ್ದರು. ಮೈಯೆಲ್ಲ ಬೆವರಿ ತಣ್ಣಗಾಗಿತ್ತು, ಕೈ ನಡುಗುತ್ತಿತ್ತು, ಮಾತು ತೊದಲುತ್ತಿತ್ತು. ಎದುರಿಗೆ ಮುಚ್ಚಿಟ್ಟಿದ್ದ ತಟ್ಟೆಯನ್ನು ಮುಟ್ಟಿರಲಿಲ್ಲ.

ಅವರು ಸಕ್ಕರೆ ಕಾಯಿಲೆಯವರು. ಎಂದಿನಂತೆ ಎಂಟಕ್ಕೆ, ಊಟಕ್ಕೆ ಅರ್ಧ ಗಂಟೆ ಮೊದಲು ನುಂಗಬೇಕಾದ ಮಾತ್ರೆಯನ್ನು ನುಂಗಿದ್ದರು. ಪ್ರಾರ್ಥನೆಯಾಗದೆ ಉಣ್ಣುವ ಪದ್ಧತಿ ಅವರಿಗಿಲ್ಲ. ನಮ್ಮನ್ನು ಮೂರನೆಯ ಬಾರಿ ಕರೆಯಲು ಸಂಕೋಚ. ಮಾತ್ರೆ ತನ್ನ ಕೆಲಸ ಮಾಡಿತು, ಅನ್ನ ಹೊಟ್ಟೆಗೆ ಬೀಳಲಿಲ್ಲ, ರಕ್ತದ ಸಕ್ಕರೆ ಕುಸಿಯಿತು. ಪುಣ್ಯಕ್ಕೆ ನುಂಗುವಷ್ಟು ಎಚ್ಚರವಿತ್ತು. ಸಕ್ಕರೆ ನೀರನ್ನು ಚಮಚದಿಂದ ಕುಡಿಸಿದೆವು. ಕಾಲು ಗಂಟೆಯಲ್ಲಿ ಕಣ್ಣು ತಿಳಿಯಾಯಿತು. ಮರುದಿನ ವೈದ್ಯರು, ಇನ್ನೊಂದು ಗಂಟೆ ಯಾರೂ ನೋಡದೆ ಇದ್ದಿದ್ದರೆ ಏನಾಗಬಹುದಿತ್ತೆಂಬುದನ್ನು ಮುಚ್ಚುಮರೆಯಿಲ್ಲದೆ ಹೇಳಿದರು.

ಆ ರಾತ್ರಿ ನಮ್ಮ ಮನೆಯಲ್ಲಿ ಐದು ಜನರಿದ್ದೆವು. ಹಿಮ ಬಿದ್ದಿರಲಿಲ್ಲ, ತಂತಿ ಕಡಿದಿರಲಿಲ್ಲ, ನಮಗೂ ಅವರಿಗೂ ನಡುವೆ ಹದಿನೈದು ಅಡಿ ದೂರವೂ ಇರಲಿಲ್ಲ. ಟ್ಯಾನ್ ಹಿಲ್‌ನಲ್ಲಿ ಚಿಕಿತ್ಸೆ ಬೇಕಾಗಿದ್ದ ಆ ಒಬ್ಬರಿಗಾಗಿ ರಕ್ಷಣಾ ತಂಡ ಹಿಮದಲ್ಲಿ ಬೆಟ್ಟ ಹತ್ತಿ ಬಂದ ಸಂಗತಿ ನಮಗೆ ನೆನಪಾದದ್ದು ಆಗ.

ತಾಯಿಯವರು ನಮ್ಮ ಮೇಲೆ ಒಂದು ಮಾತನ್ನೂ ಹೊರಿಸಲಿಲ್ಲ. ಮಾತ್ರೆ ನುಂಗಿದ್ದು ತಮ್ಮದೇ ತಪ್ಪೆಂದರು. ಅದು ನಮ್ಮನ್ನು ಇನ್ನಷ್ಟು ಕುಗ್ಗಿಸಿತು.

ಟಿ.ವಿ.ಯನ್ನು ಮಾರಿಬಿಡಬೇಕೆಂದು ಒಂದೆರಡು ದಿನ ಆವೇಶದಿಂದ ಮಾತಾಡಿದೆವು. ಮಾರಲಿಲ್ಲ. ಮಾರಿದರೂ ಮಕ್ಕಳ ಜೇಬಿನಲ್ಲಿ ಫೋನಿದೆ, ನಮ್ಮ ಜೇಬಿನಲ್ಲೂ ಇದೆ. ಹಿರಿಯ ಮಗ ಪ್ರಾಯೋಗಿಕ ಬುದ್ಧಿಯವನು. ಅವನು ಧಾರಾವಾಹಿಯ ಖಾತೆಯ ಸೆಟ್ಟಿಂಗ್ಸ್ ತೆರೆದು, ಮುಂದಿನ ಕಂತು ತಾನಾಗಿ ಆರಂಭವಾಗುವ ಏರ್ಪಾಟನ್ನು ಆರಿಸಿದ. ಎರಡು ನಿಮಿಷದ ಕೆಲಸ. ಇದು ಸಾಧ್ಯವೆಂಬುದೇ ನಮಗೆ ಅಲ್ಲಿಯವರೆಗೆ ತಿಳಿದಿರಲಿಲ್ಲ. ತಿಳಿಯದ ವಾಚಕರಿದ್ದರೆ ತಮ್ಮ ಮಕ್ಕಳನ್ನು ಕೇಳಲಿ, ಬಹುತೇಕ ಮಕ್ಕಳಿಗೆ ಗೊತ್ತಿರುತ್ತದೆ. ಈಗ ಕಂತು ಮುಗಿದರೆ ಕಥೆ ಅಲ್ಲಿಗೆ ನಿಲ್ಲುತ್ತದೆ. ಮೊದಮೊದಲು ಆ ನಿಲುಗಡೆ ಅಸಹನೀಯವಾಗಿತ್ತು, ಅದನ್ನು ಬಚ್ಚಿಡುವುದಿಲ್ಲ. ಜಪಸರ ಎಂಟಕ್ಕೆ, ಊಟ ಎಂಟೂವರೆಗೆ, ಬಳಿಕ ಬೇಕಿದ್ದರೆ ಒಂದೇ ಕಂತು ಎಂದು ಗೊತ್ತುಮಾಡಿಕೊಂಡಿದ್ದೇವೆ. ಮೂರು ತಿಂಗಳಲ್ಲಿ ನಾಲ್ಕು ಬಾರಿ ಮುರಿದಿದ್ದೇವೆ. ಅದರಲ್ಲಿ ಮೂರು ಬಾರಿ ತಪ್ಪು ಮಕ್ಕಳದಲ್ಲ.

ಮೊದಲನೆಯ ವಾರದಲ್ಲೇ ಒಂದು ರಾತ್ರಿ ಊಟದ ನಡುವೆ ತಾಯಿಯವರು ತಲೆ ಎತ್ತದೆ, “ಆ ಇನ್‌ಸ್ಪೆಕ್ಟರನ ತಮ್ಮನೇ ಕಳ್ಳನೆಂದು ಗೊತ್ತಾಯಿತೇ?” ಎಂದು ಕೇಳಿದರು. ನಾವೆಲ್ಲ ಮುಖಮುಖ ನೋಡಿಕೊಂಡೆವು. ಆ ಶನಿವಾರ ಊಟದ ಮೇಜಿನ ಬಳಿ ಕುಳಿತು ಅವರು ಮೂರು ಕಂತುಗಳನ್ನು ಬರಿಯ ಕಿವಿಯಿಂದ ಕೇಳಿದ್ದರು. ಕಥೆ ಸಾಕಷ್ಟು ಅರ್ಥವಾಗಿತ್ತು, ಹೆಸರುಗಳು ಮಾತ್ರ ಕಲಸಿಹೋಗಿದ್ದವು. ಈಗ ಊಟದ ಹೊತ್ತಿನಲ್ಲಿ ಹಿಂದಿನ ದಿನದ ಕಂತನ್ನು ಅಜ್ಜಿಗೆ ಹೇಳುವ ಹೊಣೆ ಕಿರಿಯವನದು. ಅವನು ಅರ್ಧ ಮರೆಯುತ್ತಾನೆ, ಅರ್ಧ ಸೇರಿಸುತ್ತಾನೆ. ಮಗಳು ತಿದ್ದುತ್ತಾಳೆ. ತಮ್ಮನನ್ನು ಕಳ್ಳನನ್ನಾಗಿ ಮಾಡಿದ್ದು ಸರಿಯಲ್ಲವೆಂದು ತಾಯಿಯವರ ಅಭಿಪ್ರಾಯ. ಕಥೆ ಬರೆದವರಿಗೆ ಸಂಸಾರವಿಲ್ಲವೇನೋ ಎಂದು ಅವರಿಗೆ ಸಂಶಯವಿದೆ.